ಯಾವ ಕೋರ್ಟಿನ ಬಾಗಿಲು?

ಮ್ಯಾಜಿಸ್ಟ್ರೇಟ್ ಕೋರ್ಟಿನಿಂದ ಸಮನ್ಸ್ ಬಂದಿದೆ. ಯಾರೋ ಖಾಸಗಿ ದೂರು ಕೊಟ್ಟಿದ್ದಾರೆ. ಮ್ಯಾಜಿಸ್ಟ್ರೇಟರು ದೂರುದಾರನ ಪ್ರಮಾಣ ಹೇಳಿಕೆ ಕೇಳಿ, ಮೇಲ್ನೋಟಕ್ಕೆ ಪ್ರಕರಣ ಇದೆ ಎಂದುಕೊಂಡು ಸಮನ್ಸ್ ಹೊರಡಿಸಿದ್ದಾರೆ. ಖಾಸಗಿ ದೂರಿನ ಪಿಸಿಆರ್ ನಂಬರು ಹೋಗಿ ಕ್ರಿಮಿನಲ್ ಕೇಸಿನ ಸಿಸಿ ನಂಬರು ಬಿದ್ದಿದೆ. ಸಮನ್ಸ್ ಕೈಗೆ ಬಂದವನಿಗೆ ಇದು ತಪ್ಪು ಎಂದು ಖಾತ್ರಿಯಿದೆ. ಕಂಪನಿ ಬಿಟ್ಟು ಎರಡು ವರ್ಷವಾದ ಮೇಲೆ ಆ ಕಂಪನಿಯ ಚೆಕ್ಕು ಬೌನ್ಸ್ ಆಗಿರಬಹುದು, ಆಸ್ತಿ ಜಗಳವೊಂದು ವಂಚನೆಯ ವೇಷ ತೊಟ್ಟು ಬಂದಿರಬಹುದು. ಸರಿ, ತಪ್ಪೇ ಇರಲಿ. ಹಾಗೆಂದು ಹೇಳಬೇಕಾದದ್ದು ಯಾರಿಗೆ? ಸಮನ್ಸ್ ಕಳಿಸಿದ ಅದೇ ಮ್ಯಾಜಿಸ್ಟ್ರೇಟರಿಗೋ, ಜಿಲ್ಲೆಯ ಸೆಷನ್ಸ್ ನ್ಯಾಯಾಧೀಶರಿಗೋ, ನೇರ ಹೈಕೋರ್ಟಿಗೋ?

ವಕೀಲರ ಕೋಣೆಯಲ್ಲಿ ಇಂದು ಐದು ನಿಮಿಷದಲ್ಲಿ ಸಿಗುವ ಈ ಉತ್ತರ ರೂಪುಗೊಳ್ಳಲು ನಲವತ್ತು ವರ್ಷಕ್ಕೂ ಹೆಚ್ಚು ಹಿಡಿಯಿತು. ಯಾವ ಕಾನೂನು ಪುಸ್ತಕದಲ್ಲೂ ಅದು ಒಂದೇ ಕಡೆ ಬರೆದಿರಲಿಲ್ಲ. ಒಬ್ಬೊಬ್ಬರು ಒಂದೊಂದು ಬಾಗಿಲು ತಟ್ಟಿದರು. 'ಇದಲ್ಲ, ಆ ಕಡೆ ಹೋಗಿ' ಎನ್ನಿಸಿಕೊಂಡರು. ಹಾಗೆನ್ನಿಸಿಕೊಂಡವರು ಸುಪ್ರೀಂ ಕೋರ್ಟಿನವರೆಗೆ ಹೋಗಿ ಕೇಳಿದಾಗ ಉತ್ತರದ ಒಂದೊಂದು ತುಂಡು ಸಿಕ್ಕಿತು. ಸಿಕ್ಕಿದ ಒಂದು ತುಂಡನ್ನು ಕೋರ್ಟು ಹದಿಮೂರು ವರ್ಷದ ನಂತರ ವಾಪಸ್ ಪಡೆದದ್ದೂ ಇದೆ. ಕೊಟ್ಟ ತೀರ್ಪು ಬರೆದವರು ಕನ್ನಡಿಗರು. ವಾಪಸ್ ಪಡೆದ ತೀರ್ಪು ಬರೆದವರೂ ಕನ್ನಡಿಗರೇ.

ಮೊದಲು ಹಳೆಯ ವ್ಯವಸ್ಥೆ ಹೇಗಿತ್ತು ಎಂದು ನೋಡಬೇಕು. ಬ್ರಿಟಿಷರ ಕಾಲದ 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಸೆಷನ್ಸ್ ನ್ಯಾಯಾಧೀಶರಿಗೆ ಮ್ಯಾಜಿಸ್ಟ್ರೇಟರ ಕಡತ ತರಿಸಿ ನೋಡುವ ಅಧಿಕಾರ ಇತ್ತು, ಆದರೆ ಇಂಥ ಆದೇಶವನ್ನು ತಾವೇ ಅಳಿಸುವ ಅಧಿಕಾರ ಇರಲಿಲ್ಲ. ತಪ್ಪು ಕಂಡರೆ ಹೈಕೋರ್ಟಿಗೆ ವರದಿ ಬರೆಯಬೇಕು, ಹೈಕೋರ್ಟು ತಿದ್ದಬೇಕು. 1923ರಲ್ಲಿ 561-ಎ ಎಂಬ ಕಲಮು ಸೇರಿತು: ನ್ಯಾಯದ ಉದ್ದೇಶಕ್ಕಾಗಿ, ಕೋರ್ಟಿನ ದುರ್ಬಳಕೆ ತಡೆಯುವುದಕ್ಕಾಗಿ ಹೈಕೋರ್ಟಿಗೆ ಅಂತರ್ಗತ ಅಧಿಕಾರ ಇದೆ, ಈ ಸಂಹಿತೆಯ ಯಾವ ಮಾತೂ ಅದನ್ನು ಮೊಟಕುಗೊಳಿಸದು ಎಂದು. 1973ರಲ್ಲಿ ಹೊಸ ಸಂಹಿತೆ ಬಂದಾಗ ಆ ಕಲಮು 482 ಆಯಿತು. ಇಂದಿಗೂ ವಕೀಲರ ಬಾಯಲ್ಲಿ 'ಫೋರ್ ಎಯ್ಟಿ ಟೂ' ಎಂದರೆ ಅದೊಂದು ಸಂಖ್ಯೆಯಲ್ಲ, ಒಂದು ಪರಿಹಾರದ ಹೆಸರು.

1974ರ ಏಪ್ರಿಲ್ 1ರಂದು ಜಾರಿಗೆ ಬಂದ ಆ ಹೊಸ ಸಂಹಿತೆ ಒಂದು ಕೈಯಲ್ಲಿ ಕೊಟ್ಟು ಇನ್ನೊಂದು ಕೈಯಲ್ಲಿ ಕಿತ್ತುಕೊಂಡಿತು. ಕೊಟ್ಟದ್ದು ಇದು: ಸೆಷನ್ಸ್ ನ್ಯಾಯಾಧೀಶರು ಇನ್ನು ಬರಿಯ ವರದಿಗಾರರಲ್ಲ, ಹೈಕೋರ್ಟಿನಂತೆ ತಾವೇ ರಿವಿಷನ್ (ಕೆಳಗಿನ ಕೋರ್ಟಿನ ಆದೇಶದ ಪರಿಶೀಲನೆ) ಕೇಳಿ ಆದೇಶ ರದ್ದು ಮಾಡಬಹುದು. ಕಿತ್ತುಕೊಂಡದ್ದು ಎರಡು. ರಿವಿಷನ್‌ಗೆ ಸೆಷನ್ಸಿಗೆ ಹೋದವನು ಮತ್ತೆ ರಿವಿಷನ್‌ಗೆಂದೇ ಹೈಕೋರ್ಟಿಗೆ ಹೋಗುವಂತಿಲ್ಲ, ಹೈಕೋರ್ಟಿಗೆ ಹೋದವನು ಸೆಷನ್ಸಿಗೆ ಬರುವಂತಿಲ್ಲ. 397ನೇ ಕಲಮಿನ ಮೂರನೇ ಉಪಕಲಮು. ಅದರ ಹಿಂದಿನದು, ಎರಡನೆಯದು, ಇನ್ನೂ ಕಟುವಾದದ್ದು: ಮಧ್ಯಂತರ ಆದೇಶಗಳ ಮೇಲೆ ರಿವಿಷನ್ ಇಲ್ಲವೇ ಇಲ್ಲ. ಪ್ರತಿ ಹೆಜ್ಜೆಗೂ ಮೇಲಿನ ಕೋರ್ಟಿಗೆ ಓಡಿ ವಿಚಾರಣೆಯನ್ನು ವರ್ಷಗಟ್ಟಲೆ ಎಳೆಯುವ ಚಾಳಿಗೆ ಕಡಿವಾಣ ಹಾಕುವುದು ಉದ್ದೇಶ. ಒಳ್ಳೆಯ ಉದ್ದೇಶವೇ. ಆದರೆ ಸಮನ್ಸ್ ಹೊರಡಿಸುವ ಆದೇಶ ಏನು? ಅದರಿಂದ ಕೇಸು ಮುಗಿಯುವುದಿಲ್ಲ, ಶುರುವಾಗುತ್ತದೆ. ಹಾಗಾದರೆ ಅದು ಮಧ್ಯಂತರವೇ ಅಲ್ಲವೇ?

ಹೌದು ಎಂದವರಲ್ಲಿ ಪಂಜಾಬ್ ಮತ್ತು ಹರಿಯಾಣ ಹೈಕೋರ್ಟೂ ಒಂದು. ಕರ್ನಾಲ್ ಜಿಲ್ಲೆಯ ಒಂದು ಸಾವಿನ ಪ್ರಕರಣ. ಪೊಲೀಸರು ತನಿಖೆ ಮಾಡಿ, ಇಂಥಿಂಥವರ ಮೇಲೆ ಏನೂ ಇಲ್ಲ ಎಂದು ಬಿಟ್ಟಿದ್ದರು. ಮ್ಯಾಜಿಸ್ಟ್ರೇಟರೂ ಒಪ್ಪಿದ್ದರು. ದೂರುದಾರ ಬಿಡಲಿಲ್ಲ, ಖಾಸಗಿ ದೂರು ಹಾಕಿದ, ಅದೂ ವಜಾ ಆಯಿತು. ಆಗ ಸೆಷನ್ಸ್ ಕೋರ್ಟು ಇನ್ನಷ್ಟು ವಿಚಾರಿಸಿ ಎಂದು ಕಡತ ಹಿಂದಿರುಗಿಸಿದ್ದೇ ತಡ, ಮ್ಯಾಜಿಸ್ಟ್ರೇಟರು ಏನನ್ನೂ ವಿಚಾರಿಸದೆ ನೇರ ಸಮನ್ಸ್ ಹೊರಡಿಸಿಬಿಟ್ಟರು. ಹೈಕೋರ್ಟಿಗೆ ಹೋದರೆ ಅಲ್ಲಿ ಸಿಕ್ಕ ಉತ್ತರ: ಇದು ಮಧ್ಯಂತರ ಆದೇಶ, ರಿವಿಷನ್ ಇಲ್ಲ, ರಿವಿಷನ್ ಇಲ್ಲದ ಕಡೆ 482 ಬಳಸಿ ಸುತ್ತುಹಾದಿ ಹಿಡಿಯುವುದೂ ಇಲ್ಲ. ಎರಡೂ ಬಾಗಿಲು ಒಂದೇ ಏಟಿಗೆ ಮುಚ್ಚಿದವು.

ಅಮರನಾಥ್ ಪ್ರಕರಣ ಎಂದು ಹೆಸರಾದ ಈ ಕೇಸಿನಲ್ಲಿ 1977ರ ಜುಲೈನಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಫಜಲ್ ಅಲಿ ಬರೆದದ್ದರ ತಿರುಳು ಸರಳ. ಬಿಡುಗಡೆ ಹೊಂದಿ ಮನೆಯಲ್ಲಿದ್ದ ಮನುಷ್ಯನನ್ನು ಮತ್ತೆ ಕಟಕಟೆಗೆ ಎಳೆಯುವ ಆದೇಶ ಅವನ ಹಕ್ಕನ್ನು ಮುಟ್ಟುತ್ತದೆ. ಮುಂದಿನ ತಾರೀಖು ಕೊಟ್ಟಂತೆ, ಸಾಕ್ಷಿಗೆ ಸಮನ್ಸ್ ಕಳಿಸಿದಂತೆ ಅದು ದಿನಚರಿಯ ಆದೇಶವಲ್ಲ. ಆದ್ದರಿಂದ ರಿವಿಷನ್ ಇದೆ. ಆದರೆ ಅದೇ ತೀರ್ಪಿನಲ್ಲಿ ಅವರು ಇನ್ನೊಂದು ಮಾತನ್ನೂ ಒಪ್ಪಿಬಿಟ್ಟರು: ರಿವಿಷನ್ ನಿಷಿದ್ಧವಾದ ಕಡೆ 482 ಕೂಡ ಇಲ್ಲ.

ಈ ಒಪ್ಪಿಗೆಯ ಆಯಸ್ಸು ಮೂರು ತಿಂಗಳು.

ಮಧು ಲಿಮಯೆ ಸಮಾಜವಾದಿ ನಾಯಕರು, ಕೋರ್ಟಿನ ಮೆಟ್ಟಿಲು ಅವರಿಗೆ ಹೊಸದಲ್ಲ. 1974ರ ಸೆಪ್ಟೆಂಬರಿನಲ್ಲಿ ದೆಹಲಿಯ ಪತ್ರಿಕಾಗೋಷ್ಠಿಯೊಂದರಲ್ಲಿ ಅವರು ಮಹಾರಾಷ್ಟ್ರದ ಆಗಿನ ಕಾನೂನು ಸಚಿವ ಎ.ಆರ್. ಅಂತುಳೆ ಅವರ ಮೇಲೆ ಆರೋಪ ಮಾಡಿದರು. ಸರ್ಕಾರವೇ ಮಾನಹಾನಿ ಮೊಕದ್ದಮೆ ಹೂಡಿತು. ಸಚಿವರ ಮಾನದ ವಿಷಯವಾದರೆ ಪಬ್ಲಿಕ್ ಪ್ರಾಸಿಕ್ಯೂಟರು ನೇರ ಸೆಷನ್ಸ್ ಕೋರ್ಟಿಗೇ ದೂರು ಸಲ್ಲಿಸಲು ಕಾನೂನು ಅವಕಾಶ ಕೊಡುತ್ತದೆ. ಆದರೆ ಈ ದೂರು ಕೇಳಲು ಕೋರ್ಟಿಗೆ ಅಧಿಕಾರವೇ ಇಲ್ಲ, ಮೊಕದ್ದಮೆಗೆ ಬೇಕಾದ ಸರ್ಕಾರದ ಮಂಜೂರಾತಿಯೇ ಸರಿಯಿಲ್ಲ ಎಂಬುದು ಲಿಮಯೆ ವಾದ. ಸೆಷನ್ಸ್ ನ್ಯಾಯಾಧೀಶರು ಒಪ್ಪದೆ ಆರೋಪ ಹೊರಿಸಿದರು. ಬಾಂಬೆ ಹೈಕೋರ್ಟು ಅಹವಾಲಿನ ಒಳಗೆ ಇಣುಕಲೂ ಇಲ್ಲ. ಮಧ್ಯಂತರ ಆದೇಶ, ರಿವಿಷನ್ ನಿಲ್ಲದು ಎಂದಿತು.

ಅಷ್ಟರಲ್ಲಿ ತುರ್ತುಪರಿಸ್ಥಿತಿ ಬಂದು ಹೋಗಿತ್ತು, ದೆಹಲಿಯಲ್ಲಿ ಜನತಾ ಸರ್ಕಾರವಿತ್ತು. 1977ರ ಅಕ್ಟೋಬರ್ 31ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪರವಾಗಿ ಉಂಟವಾಲಿಯಾ ಬರೆದ ತೀರ್ಪು ಈ ಇಡೀ ಕತೆಯ ನಡುಗಂಬ. ಅವರು ಹಿಡಿದ ತರ್ಕ ನೋಡಿ. ಅಂತಿಮವಲ್ಲದ ಆದೇಶಗಳೆಲ್ಲ ಮಧ್ಯಂತರ ಎಂದುಬಿಟ್ಟರೆ ರಿವಿಷನ್ ಎಂಬ ಅಧಿಕಾರಕ್ಕೆ ಉಳಿಯುವ ಕೆಲಸವಾದರೂ ಏನು? ಸಂಹಿತೆ ಒಂದು ಕಲಮಿನಲ್ಲಿ ಕೊಟ್ಟ ಅಧಿಕಾರವನ್ನು ಮುಂದಿನ ಉಪಕಲಮಿನಲ್ಲಿ ಪೂರಾ ನುಂಗಿಬಿಟ್ಟಿತು ಎಂದು ಓದುವುದು ಸರಿಯಲ್ಲ. ಹಾಗಾಗಿ ಅಂತಿಮವೂ ಅಲ್ಲದ, ಬರೀ ಮಧ್ಯಂತರವೂ ಅಲ್ಲದ ಒಂದು ನಡುವಿನ ಜಾತಿ ಇದೆ. ಅದನ್ನು ಗುರುತಿಸುವ ಬಗೆ: ಆರೋಪಿಯ ತಕರಾರನ್ನು ಒಪ್ಪಿದ್ದರೆ ಕೇಸು ಅಲ್ಲಿಗೇ ಮುಗಿಯುತ್ತಿತ್ತೇ? ಮುಗಿಯುತ್ತಿತ್ತು ಎಂದಾದರೆ, ಅದನ್ನು ತಳ್ಳಿಹಾಕಿದ ಆದೇಶ ಆ ನಡುವಿನ ಜಾತಿಗೆ ಸೇರಿದ್ದು, ರಿವಿಷನ್ ನಿಲ್ಲುತ್ತದೆ. ಇನ್ನು 482ರ ಮಾತು. 'ಈ ಸಂಹಿತೆಯ ಯಾವುದೂ ಮೊಟಕುಗೊಳಿಸದು' ಎಂದು ಆ ಕಲಮೇ ಹೇಳುವಾಗ 397 ಅದನ್ನು ಹೇಗೆ ಮೊಟಕುಗೊಳಿಸೀತು? ಅಪರೂಪಕ್ಕೆ, ಬಹಳ ಎಚ್ಚರದಿಂದ ಬಳಸಬೇಕು, ಅಷ್ಟೇ.

ಲಿಮಯೆ ಅರ್ಜಿಯನ್ನು ಹೈಕೋರ್ಟು ಮತ್ತೆ ಕೇಳಬೇಕಾಯಿತು. ಅಂದಹಾಗೆ ಈ ಕೇಸಿನ ಆಚೆ ಬದಿಯಲ್ಲಿದ್ದ ಅಂತುಳೆ ಮುಂದೆ ತಾವೇ ಆರೋಪಿಯಾಗಿ, ತಮ್ಮ ವಿಚಾರಣೆ ತಪ್ಪು ಕೋರ್ಟಿಗೆ ವರ್ಗವಾಗಿದೆ ಎಂದು ಸುಪ್ರೀಂ ಕೋರ್ಟಿಗೆ ಹೋದರು. 1988ರಲ್ಲಿ ಏಳು ನ್ಯಾಯಮೂರ್ತಿಗಳ ಪೀಠ ಬಹುಮತದಿಂದ ಹೌದೆಂದು ಒಪ್ಪಿ, ಸುಪ್ರೀಂ ಕೋರ್ಟಿನದೇ ಹಿಂದಿನ ನಿರ್ದೇಶನವನ್ನು ಅಳಿಸಿತು. ಯಾವ ಕೋರ್ಟು ಎಂಬ ಪ್ರಶ್ನೆ ಬರೀ ತಾಂತ್ರಿಕ ಎನ್ನುವವರು ಆ ತೀರ್ಪನ್ನೊಮ್ಮೆ ಓದಬೇಕು.

ಅಮರನಾಥ್, ಲಿಮಯೆ ತೀರ್ಪುಗಳಿಗೂ ಮುಂಚಿನ, ನಮ್ಮ ಕಡೆಯ ಒಂದು ಕೇಸನ್ನೂ ನೆನೆಯಬೇಕು. 1976ರ ಏಪ್ರಿಲ್‌ನ ನಾಗವ್ವ ಪ್ರಕರಣ. ಕೊಲೆ ಆಪಾದನೆಯ ಖಾಸಗಿ ದೂರು, ಮ್ಯಾಜಿಸ್ಟ್ರೇಟರು ಪ್ರೊಸೆಸ್ (ಸಮನ್ಸ್ ಇಲ್ಲವೇ ವಾರಂಟ್) ಹೊರಡಿಸಿದ್ದರು, ಹೈಕೋರ್ಟು ರದ್ದು ಮಾಡಿತ್ತು. ಸುಪ್ರೀಂ ಕೋರ್ಟು ಮ್ಯಾಜಿಸ್ಟ್ರೇಟರ ಆದೇಶವನ್ನೇ ಎತ್ತಿಹಿಡಿಯಿತು. ಬರೆದವರು ಅದೇ ಫಜಲ್ ಅಲಿ. ಪ್ರೊಸೆಸ್ ಯಾವಾಗ ರದ್ದು ಮಾಡಬಹುದು ಎಂಬುದಕ್ಕೆ ಅವರು ಕೊಟ್ಟ ನಾಲ್ಕು ಸಂದರ್ಭಗಳನ್ನು ದೇಶದ ಕೋರ್ಟುಗಳು ಇಂದಿಗೂ ಉದ್ಧರಿಸುತ್ತವೆ: ದೂರನ್ನು ಇದ್ದಂತೆಯೇ ಒಪ್ಪಿದರೂ ಅಪರಾಧವಾಗದಿದ್ದರೆ, ಆಪಾದನೆ ಅಸಂಬದ್ಧವೂ ನಂಬಲಸಾಧ್ಯವೂ ಆಗಿದ್ದರೆ, ಮ್ಯಾಜಿಸ್ಟ್ರೇಟರು ಸಾಕ್ಷ್ಯವೇ ಇಲ್ಲದೆ ಮನಸ್ಸಿಗೆ ಬಂದಂತೆ ನಡೆದಿದ್ದರೆ, ಮಂಜೂರಾತಿಯಂಥ ಮೂಲಭೂತ ಕಾನೂನು ದೋಷವಿದ್ದರೆ. ಅದರಲ್ಲೇ ಇನ್ನೊಂದು ಮಾತೂ ಇದೆ. ಪ್ರೊಸೆಸ್ ಹೊರಡುವ ಮುನ್ನಿನ ಹಂತದಲ್ಲಿ ಆರೋಪಿಗೆ ಬಾಯಿ ತೆರೆಯುವ ಹಕ್ಕೇ ಇಲ್ಲ. ಈ ಮಾತನ್ನು ನೆನಪಿಟ್ಟುಕೊಳ್ಳಿ.

ಇಲ್ಲಿಯವರೆಗೆ ಸೆಷನ್ಸ್ ಮತ್ತು ಹೈಕೋರ್ಟಿನ ಬಾಗಿಲುಗಳು ತೆರೆದವು. ಉಳಿದದ್ದು ಎಲ್ಲಕ್ಕಿಂತ ಹತ್ತಿರದ ಬಾಗಿಲು, ಸಮನ್ಸ್ ಕಳಿಸಿದ ಮ್ಯಾಜಿಸ್ಟ್ರೇಟರದೇ. ಸಾಮಾನ್ಯನಿಗೆ ಮೊದಲು ಹೊಳೆಯುವುದು ಅದೇ. 'ಸ್ವಾಮಿ, ದೂರಿನಲ್ಲಿ ನನ್ನ ಹೆಸರಿನ ಮುಂದೆ ಒಂದು ಸಾಲೂ ಇಲ್ಲ, ನನ್ನನ್ನೇಕೆ ಕರೆಸಿದ್ದೀರಿ?' ಎಂದು ಅವರನ್ನೇ ಕೇಳಬಾರದೇಕೆ?

ಕೇಳಿದವರು ಕೆ.ಎಂ. ಮ್ಯಾಥ್ಯೂ, ಮಲಯಾಳ ಮನೋರಮಾದ ಮುಖ್ಯ ಸಂಪಾದಕರು. ಪತ್ರಿಕೆಯಲ್ಲಿ ಬಂದ ಸುದ್ದಿಯೊಂದು ಮಾನಹಾನಿ ಎಂದು ದೂರು, ಆರೋಪಿಗಳ ಸಾಲಿನಲ್ಲಿ ಮುಖ್ಯ ಸಂಪಾದಕರ ಹೆಸರೂ ಇತ್ತು. ಆಗ ಜಾರಿಯಲ್ಲಿದ್ದ 1867ರ ಪತ್ರಿಕಾ ಕಾಯಿದೆ, ಸಂಪಾದಕನೆಂದು ಹೆಸರು ಅಚ್ಚಾದವನೇ ಸುದ್ದಿಗೆ ಹೊಣೆ ಎಂದು ಊಹಿಸಿಕೊಳ್ಳುತ್ತಿತ್ತು. ಮುಖ್ಯ ಸಂಪಾದಕನ ಬಗ್ಗೆ ಅದರಲ್ಲಿ ಅಂಥ ಊಹೆ ಇರಲಿಲ್ಲ. ಮ್ಯಾಥ್ಯೂ ಇದನ್ನೇ ಮ್ಯಾಜಿಸ್ಟ್ರೇಟರಿಗೆ ಹೇಳಿದರು, ಮ್ಯಾಜಿಸ್ಟ್ರೇಟರು ಒಪ್ಪಿ ಅವರ ಮೇಲಿನ ಕೇಸು ಕೈಬಿಟ್ಟರು. ಕೇರಳ ಹೈಕೋರ್ಟು ಆಕ್ಷೇಪಿಸಿತು: ಒಮ್ಮೆ ಸಮನ್ಸ್ ಹೊರಟ ಮೇಲೆ ವಿಚಾರಣೆ ನಡೆದೇ ತೀರಬೇಕು, ನಡುವೆ ಕೈಬಿಡಲು ಮ್ಯಾಜಿಸ್ಟ್ರೇಟರಿಗೆ ಸಂಹಿತೆಯಲ್ಲಿ ಅಧಿಕಾರ ಎಲ್ಲಿದೆ?

ಸುಪ್ರೀಂ ಕೋರ್ಟಿನಲ್ಲಿ ತೀರ್ಪು ಬರೆದವರು ಕೆ. ಜಗನ್ನಾಥ ಶೆಟ್ಟಿ. ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿದ್ದವರು. 1991ರ ನವೆಂಬರ್ 28; ನಿವೃತ್ತಿಗೆ ಮೂರು ವಾರವೂ ಉಳಿದಿರಲಿಲ್ಲ. ಸಮನ್ಸ್ ಆದೇಶ ತೀರ್ಪಲ್ಲ, ತಾತ್ಕಾಲಿಕ ಆದೇಶ. ದೂರನ್ನು ಮತ್ತೆ ನೋಡಿದಾಗ ಅಪರಾಧವೇ ಕಾಣದಿದ್ದರೆ ಹಿಂತೆಗೆದುಕೊಳ್ಳುವುದಕ್ಕೆ ಪ್ರತ್ಯೇಕ ಕಲಮು ಬೇಕಿಲ್ಲ, ವಿಚಾರಣೆ ನಡೆಸುವ ಅಧಿಕಾರದಲ್ಲೇ ಅದು ಅಡಗಿದೆ ಎಂದರು. ಇದರಲ್ಲಿ ಮ್ಯಾಜಿಸ್ಟ್ರೇಟರ ವಿವೇಕದ ಮೇಲಿನ ನಂಬಿಕೆ ಎದ್ದು ಕಾಣುತ್ತದೆ. ಕೆಳಹಂತದ ನ್ಯಾಯಾಧೀಶರ ಸಂಬಳ, ವಸತಿ, ಘನತೆಗಳ ಬಗ್ಗೆ ಮುಂದೆ ದೇಶಕ್ಕೇ ವರದಿ ಕೊಟ್ಟ ಶೆಟ್ಟಿ ಆಯೋಗದ ಶೆಟ್ಟರು ಇವರೇ. ಮ್ಯಾಥ್ಯೂ ಅವರ ಕತೆಗೊಂದು ಬಾಲವೂ ಉಂಟು. 2002ರಲ್ಲಿ ಇಂಥದೇ ಇನ್ನೊಂದು ಮಾನಹಾನಿ ಕೇಸಿನಲ್ಲಿ ಅವರು ಮತ್ತೆ ಸುಪ್ರೀಂ ಕೋರ್ಟಿಗೆ ಹೋದರು. ದೂರಿನಲ್ಲಿ ಸ್ಪಷ್ಟ ಆಪಾದನೆಯಿದ್ದರೆ ಮುಖ್ಯ ಸಂಪಾದಕನೂ ವಿಚಾರಣೆ ಎದುರಿಸಲೇಬೇಕು ಎಂದಾಯಿತು.

ಮುಂದಿನ ಹದಿಮೂರು ವರ್ಷ 'ಮ್ಯಾಥ್ಯೂ ಅರ್ಜಿ' ಆರೋಪಿಗಳ ಮೊದಲ ಅಸ್ತ್ರ. ಬಡವನಿಗೂ ಕೈಗೆಟಕುವ ಅಸ್ತ್ರ, ಏಕೆಂದರೆ ಅದಕ್ಕೆ ಊರು ಬಿಡಬೇಕಾಗಿರಲಿಲ್ಲ. ಕಾಲಹರಣ ಮಾಡುವವನಿಗೂ ಎಟಕುವ ಅಸ್ತ್ರ, ಅದೂ ನಿಜ. ಈ ನಡುವೆ ಎರಡು ಕೇಸುಗಳು ಬಂದವು. ಪೆಪ್ಸಿ ಫುಡ್ಸ್ ಕೇಸು ಲಖನೌದ್ದು: ಪಾನೀಯದ ಬಾಟಲಿಯೊಂದರ ಕುರಿತ ಕಲಬೆರಕೆ ದೂರು. ಮ್ಯಾಜಿಸ್ಟ್ರೇಟರ ಬಳಿಯೇ ಹೋಗಿ ಎಂದಿದ್ದ ಅಲಹಾಬಾದ್ ಹೈಕೋರ್ಟನ್ನು 1997ರ ನವೆಂಬರಿನಲ್ಲಿ ತಿದ್ದುತ್ತ ನ್ಯಾಯಮೂರ್ತಿ ವಾಧ್ವಾ ಎರಡು ವಿಷಯ ಹೇಳಿದರು. ಮನುಷ್ಯನೊಬ್ಬನನ್ನು ಕ್ರಿಮಿನಲ್ ಕೇಸಿಗೆ ಕರೆಸುವುದು ಗಂಭೀರ ವಿಷಯ, ಮ್ಯಾಜಿಸ್ಟ್ರೇಟರು ಮನಸ್ಸಿಟ್ಟು ನೋಡಿದ್ದು ಆದೇಶದಲ್ಲಿ ಕಾಣಬೇಕು. ಮತ್ತೆ, ಹೈಕೋರ್ಟಿಗೆ ಬಂದ ಅರ್ಜಿಯ ನೆತ್ತಿಯ ಮೇಲೆ ಸಂವಿಧಾನದ 226 ಎಂದು ಬರೆದಿದೆಯೋ 227 ಎಂದೋ ಸಂಹಿತೆಯ 482 ಎಂದೋ ಎಂಬುದು ಮುಖ್ಯವಲ್ಲ. ಹಣೆಪಟ್ಟಿ ತಪ್ಪಿದರೆ ಅರ್ಜಿ ಸಾಯುವುದಿಲ್ಲ. ಕಕ್ಷಿದಾರರ ಮಟ್ಟಿಗೆ ಎರಡನೆಯದು ಹೆಚ್ಚು ಬೆಲೆಬಾಳುವ ಮಾತು.

ಇನ್ನೊಂದು 1999ರ ಪಾಂಡೆ ಪ್ರಕರಣ. ಖಜಾನೆ ಕಚೇರಿಯ ನೌಕರರು ಕೂಡಿ, ಸಹೋದ್ಯೋಗಿಯೊಬ್ಬ ಕುಡಿದು ಬಂದು ಅಧಿಕಾರಿಯನ್ನು ಬೈದ ಎಂದು ಮೇಲಿನವರಿಗೆ ದೂರಿತ್ತರು. ಆ ಸಹೋದ್ಯೋಗಿ ಮಾನಹಾನಿ ಕೇಸು ಹಾಕಿದ. ಸಮನ್ಸ್ ಬಂತು, ಸೆಷನ್ಸ್ ಕೋರ್ಟು ರಿವಿಷನ್‌ನಲ್ಲಿ ರದ್ದು ಮಾಡಿತು, ಮಧ್ಯಂತರ ಆದೇಶದ ಮೇಲೆ ರಿವಿಷನ್ ಹೇಗೆ ಎಂದು ಹೈಕೋರ್ಟು ಅದನ್ನು ಅಳಿಸಿತು. ಲಿಮಯೆ ತೀರ್ಪು ಬಂದು ಇಪ್ಪತ್ತೊಂದು ವರ್ಷವಾಗಿದ್ದರೂ ಅದೇ ಹಳೆಯ ತಪ್ಪು! ಸುಪ್ರೀಂ ಕೋರ್ಟು ನೌಕರರ ಪರ ನಿಂತಿತು. ಮೇಲಧಿಕಾರಿಗೆ ಸದುದ್ದೇಶದ ದೂರು ಕೊಡುವುದು ಮಾನಹಾನಿಯಲ್ಲ, ಸೆಷನ್ಸ್ ನ್ಯಾಯಾಧೀಶರು ರಿವಿಷನ್ ಕೇಳಿದ್ದೂ ಸರಿ.

ಈ ಕತೆಯಲ್ಲಿ ಮಾನಹಾನಿ ಕೇಸುಗಳೇ ಮತ್ತೆ ಮತ್ತೆ ಎದುರಾಗುವುದು ಕಾಕತಾಳೀಯವಲ್ಲ. ಪೊಲೀಸರ ಸಹವಾಸವಿಲ್ಲದೆ ಖಾಸಗಿ ವ್ಯಕ್ತಿ ನೇರ ಮ್ಯಾಜಿಸ್ಟ್ರೇಟರ ಬಳಿ ಹೋಗಿ ಇನ್ನೊಬ್ಬನನ್ನು ಆರೋಪಿಯಾಗಿಸಬಲ್ಲ ಅಪರಾಧ ಅದು. ಆರೋಪಿಗಳಾಗುವವರು ಹೆಚ್ಚಾಗಿ ಪತ್ರಕರ್ತರು, ರಾಜಕಾರಣಿಗಳು, ಸುಪ್ರೀಂ ಕೋರ್ಟಿನವರೆಗೆ ಹೋಗಿ ಕಾನೂನಿನ ಪ್ರಶ್ನೆ ಎತ್ತಬಲ್ಲ ತ್ರಾಣವಿರುವವರು. ಉಳಿದವರು ವಾಯಿದೆಗೆ ಹಾಜರಾಗುತ್ತಾ ಇರುತ್ತಾರೆ.

ಮ್ಯಾಥ್ಯೂ ತೀರ್ಪಿಗೂ ಒಡಿಶಾದ ಮಾಜಿ ಮುಖ್ಯಮಂತ್ರಿ ನೀಲಮಣಿ ರಾವುತರಾಯ್ ಅವರ ಕೇಸಿನ ತೀರ್ಪಿಗೂ ತಾಳೆಯಾಗುತ್ತಿಲ್ಲ ಎಂಬ ಅನುಮಾನ ಎದ್ದಾಗ ವಿಷಯ ಮೂವರ ಪೀಠಕ್ಕೆ ಹೋಯಿತು. ಅದಾಲತ್ ಪ್ರಸಾದ್ ಪ್ರಕರಣ. ಕೋರ್ಟಿನ ಕತೆಗೆ 'ಅದಾಲತ್' ಎಂಬ ಹೆಸರಿನವರೇ ಬರಬೇಕೆ! ದೆಹಲಿಯ ಮ್ಯಾಜಿಸ್ಟ್ರೇಟರೊಬ್ಬರು ಸಮನ್ಸ್ ಹೊರಡಿಸಿ, ಆರೋಪಿಗಳು ಕೇಳಿಕೊಂಡಾಗ ಹಿಂತೆಗೆದುಕೊಂಡಿದ್ದರು. 2004ರ ಆಗಸ್ಟ್ 25ರಂದು ತೀರ್ಪು ಬರೆದವರು ಎನ್. ಸಂತೋಷ್ ಹೆಗ್ಡೆ. ಮುಂದೆ ಕರ್ನಾಟಕದ ಲೋಕಾಯುಕ್ತರಾಗಿ ಮನೆಮಾತಾದವರು. ಹೈಕೋರ್ಟಿನ ನ್ಯಾಯಮೂರ್ತಿಯಾಗದೆ ವಕೀಲಿಕೆಯಿಂದ ನೇರ ಸುಪ್ರೀಂ ಕೋರ್ಟಿಗೆ ಹೋದ ಕೆಲವೇ ಮಂದಿಯಲ್ಲಿ ಒಬ್ಬರು.

ಹೆಗ್ಡೆಯವರು ಸಂಹಿತೆಯನ್ನು ಹಂತಹಂತವಾಗಿ ಓದಿದರು. ದೂರು ಬಂತು, 200ನೇ ಕಲಮಿನಡಿ ಪ್ರಮಾಣ ಹೇಳಿಕೆ. ಬೇಕೆನಿಸಿದರೆ 202ರಡಿ ವಿಚಾರಣೆ. ಹುರುಳಿಲ್ಲ ಎನಿಸಿದರೆ 203ರಡಿ ವಜಾ, ಇದೆ ಎನಿಸಿದರೆ 204ರಡಿ ಪ್ರೊಸೆಸ್. ಈ ಯಾವ ಹಂತದಲ್ಲೂ ಆರೋಪಿಯ ಮಾತು ಕೇಳುವ ಪ್ರಸಂಗವಿಲ್ಲ. 204 ದಾಟಿದ ಮೇಲೆ 203ಕ್ಕೆ ಹಿಂದಿರುಗುವುದು ಹೇಗೆ? ಹಿಂದಿರುಗಿದರೆ ಅದು ತನ್ನ ಆದೇಶವನ್ನು ತಾನೇ ಪುನರ್ವಿಮರ್ಶಿಸಿದಂತೆ. ಕೆಳಗಿನ ಕ್ರಿಮಿನಲ್ ಕೋರ್ಟಿಗೆ ಪುನರ್ವಿಮರ್ಶೆಯ ಅಧಿಕಾರವೂ ಇಲ್ಲ, ಹೈಕೋರ್ಟಿಗಿರುವ ಅಂತರ್ಗತ ಅಧಿಕಾರವೂ ಇಲ್ಲ. ಸಮನ್ಸ್ ತಪ್ಪಾಗಿದ್ದರೆ ಪರಿಹಾರ 482. ಮ್ಯಾಥ್ಯೂ ತೀರ್ಪು ಕಾನೂನಿನ ಸರಿಯಾದ ನಿರೂಪಣೆಯಲ್ಲ.

ಅಕ್ಷರಗಳನ್ನಷ್ಟೇ ನೋಡಿದರೆ ಹೆಗ್ಡೆಯವರ ಓದಿನಲ್ಲಿ ಬಿರುಕಿಲ್ಲ. ಆದರೂ ನನ್ನ ಮನಸ್ಸು ಶೆಟ್ಟರ ಕಡೆಗೇ ವಾಲುತ್ತದೆ. ಬೀದರಿನ ಮ್ಯಾಜಿಸ್ಟ್ರೇಟರು ತಪ್ಪಾಗಿ ಸಮನ್ಸ್ ಕೊಟ್ಟರೆ, 2004ರಲ್ಲಿ ಅದನ್ನು ತಿದ್ದಿಸಲು 482 ಎಂದರೆ ಸುಮಾರು 700 ಕಿಲೋಮೀಟರ್ ದೂರದ ಬೆಂಗಳೂರು. ಧಾರವಾಡ, ಕಲಬುರಗಿಗಳಲ್ಲಿ ಹೈಕೋರ್ಟಿನ ಸಂಚಾರಿ ಪೀಠಗಳು ಬಂದದ್ದೇ 2008ರಲ್ಲಿ, ಕಾಯಂ ಆದದ್ದು 2013ರಲ್ಲಿ. ಅದೇ ಕೋರ್ಟಿನ ಹಾಲಿನಲ್ಲಿ ಹತ್ತು ನಿಮಿಷದಲ್ಲಿ ಮುಗಿಯಬಹುದಾದ ತಿದ್ದುಪಡಿಗೆ ಹೈಕೋರ್ಟಿನ ವಕೀಲರ ಶುಲ್ಕ, ಪ್ರಯಾಣ, ವರ್ಷಗಟ್ಟಲೆ ತಡೆಯಾಜ್ಞೆ. ವಾರಂಟ್ ಕೇಸಾದರೆ 245ರಡಿ ಡಿಸ್ಚಾರ್ಜ್ ಕೇಳುವ ಕಂಡಿಯೊಂದು ಉಳಿಯಿತು ನಿಜ. ಚೆಕ್ ಬೌನ್ಸ್, ಮಾನಹಾನಿಯಂಥ ಸಮನ್ಸ್ ಕೇಸುಗಳಲ್ಲಿ ಅದೂ ಇಲ್ಲ, ಖಾಸಗಿ ದೂರೆಂದರೆ ಬಹುಪಾಲು ಇವೇ.

ಕೆಲವೇ ವಾರಗಳಲ್ಲಿ, ಸುಬ್ರಮಣಿಯಂ ಸೇತುರಾಮನ್ ಕೇಸಿನಲ್ಲಿ, ಅದಾಲತ್ ಪ್ರಸಾದ್ ತೀರ್ಪನ್ನು ಮರುಪರಿಶೀಲಿಸಿ ಎಂಬ ಬೇಡಿಕೆ ಬಂತು. ಹೆಗ್ಡೆಯವರೇ ಅದನ್ನು ತಳ್ಳಿಹಾಕಿ, ಆ ಹಂತದಲ್ಲಿ ಆರೋಪಿಗಿರುವ ಏಕೈಕ ದಾರಿ 482 ಎಂದರು. ಗೊಂದಲ ಹುಟ್ಟಿದ್ದು ಆ 'ಏಕೈಕ'ದಿಂದ. ಹಾಗಾದರೆ ಸೆಷನ್ಸ್ ಕೋರ್ಟಿನ ರಿವಿಷನ್ ಹೋಯಿತೇ? ಅಮರನಾಥ್, ಪಾಂಡೆ ಕೇಸುಗಳ ಗತಿಯೇನು? ಇತ್ತ ಒಂದು ವರ್ಗ ರಿವಿಷನ್ ಇಲ್ಲ ಎನ್ನತೊಡಗಿದರೆ, ಅತ್ತ ಕೆಲವು ಹೈಕೋರ್ಟುಗಳು ತದ್ವಿರುದ್ಧ ಹಾದಿ ಹಿಡಿದವು: ಸೆಷನ್ಸಿನಲ್ಲಿ ರಿವಿಷನ್ ಇರುವಾಗ ಇಲ್ಲಿಗೆ 482 ಹಿಡಿದು ಬರಬೇಡಿ. ಆರೋಪಿ ಎರಡು ಕಡೆಯಿಂದಲೂ ಹೊರಗೆ!

ಧಾರಿವಾಲ್ ಟೊಬ್ಯಾಕೊ ಪ್ರಕರಣದಲ್ಲಿ ಬಾಂಬೆ ಹೈಕೋರ್ಟು ಹೇಳಿದ್ದು ಇದನ್ನೇ. 2008ರ ಡಿಸೆಂಬರಿನಲ್ಲಿ ಅದನ್ನು ತಿದ್ದಿದವರು ಎಸ್.ಬಿ. ಸಿನ್ಹಾ, ಅದಾಲತ್ ಪ್ರಸಾದ್ ಪೀಠದಲ್ಲಿ ಹೆಗ್ಡೆಯವರ ಪಕ್ಕ ಕೂತಿದ್ದವರು. ರಿವಿಷನ್ ಇದೆ ಎಂಬ ಕಾರಣಕ್ಕೆ 482ರ ಬಾಗಿಲು ಮುಚ್ಚುವಂತಿಲ್ಲ ಎಂದರು. 2013ರ ಅಕ್ಟೋಬರಿನ ಊರ್ಮಿಳಾ ದೇವಿ ತೀರ್ಪು ಇನ್ನೊಂದು ತುದಿಯನ್ನು ಕಟ್ಟಿತು: ಸಮನ್ಸ್ ಆದೇಶ ಆ ನಡುವಿನ ಜಾತಿಯದೇ, ಅದರ ಮೇಲೆ ರಿವಿಷನ್ ಇದೆ. ಇಷ್ಟರಲ್ಲಿ, ಅದೇ ವರ್ಷ, ಮೋಹಿತ್ ಪ್ರಕರಣದಲ್ಲಿ ಇನ್ನೊಂದು ಇಬ್ಬರ ಪೀಠ, ರಿವಿಷನ್ ಇರುವಲ್ಲಿ 482 ಸಲ್ಲದು ಎಂದು ಹೇಳಿ ಮತ್ತೆ ಕಲಸಿತ್ತು. ಕೊನೆಗೆ ಪತ್ರಕರ್ತ ಪ್ರಭು ಚಾವ್ಲಾ ಅವರ ಅರ್ಜಿಯನ್ನು ರಾಜಸ್ಥಾನ ಹೈಕೋರ್ಟು ಇದೇ ಕಾರಣ ಕೊಟ್ಟು ಹಿಂದಕ್ಕೆ ಕಳಿಸಿದಾಗ ವಿಷಯ ಮೂವರ ಪೀಠಕ್ಕೆ ಹೋಗಿ, 2016ರ ಸೆಪ್ಟೆಂಬರ್ 5ರಂದು ಇತ್ಯರ್ಥವಾಯಿತು. ಧಾರಿವಾಲ್ ಸರಿ, ಈ ವಿಷಯದಲ್ಲಿ ಮೋಹಿತ್ ಸರಿಯಲ್ಲ. ಎರಡೂ ದಾರಿ ತೆರೆದಿವೆ, ಯಾವುದನ್ನು ಹಿಡಿಯಬೇಕೆಂಬುದು ಆರೋಪಿಗೆ ಬಿಟ್ಟದ್ದು. 482 ಎಷ್ಟು ಎಚ್ಚರದಿಂದ ಬಳಸಬೇಕೆಂಬುದು ಮಾತ್ರ ಹೈಕೋರ್ಟಿಗೆ ಬಿಟ್ಟದ್ದು.

ಆಯ್ಕೆ ಮಾಡುವಾಗ ವಕೀಲರು ಲೆಕ್ಕ ಹಾಕುವುದು ಹೀಗೆ. ರಿವಿಷನ್‌ಗೆ 90 ದಿನದ ಗಡುವಿದೆ, 482ಕ್ಕೆ ಅಂಥ ಅಂಕಿಯಿಲ್ಲ. ಸೆಷನ್ಸ್ ಕೋರ್ಟು ಕಡತ ತರಿಸಿ ಆದೇಶದ ಸರಿತಪ್ಪು ನೋಡುತ್ತದೆ. ಮ್ಯಾಜಿಸ್ಟ್ರೇಟರು ಪ್ರಮಾಣ ಹೇಳಿಕೆಯನ್ನೇ ಓದಿಲ್ಲ, ಆರೋಪಿ ಬೇರೆ ಊರಿನವನಾಗಿದ್ದರೂ 202ರ ಕಡ್ಡಾಯ ವಿಚಾರಣೆ ಮಾಡಿಲ್ಲ ಎಂಬಂಥ ಕಡತದಲ್ಲೇ ಎದ್ದು ಕಾಣುವ ದೋಷಕ್ಕೆ ಅದಕ್ಕಿಂತ ಹತ್ತಿರದ, ಅಗ್ಗದ ಜಾಗವಿಲ್ಲ. ದೂರಿನ ಆಚೆಯ ಕಾಗದ ತೋರಿಸಬೇಕಾಗಿದ್ದರೆ ಹೈಕೋರ್ಟೇ ಮೇಲು. ಚೆಕ್ಕಿನ ತಾರೀಖಿಗೂ ಮೊದಲೇ ರಾಜೀನಾಮೆ ಕೊಟ್ಟು, ಕಂಪನಿ ರಿಜಿಸ್ಟ್ರಾರರಲ್ಲಿ ದಾಖಲಾಗಿದ್ದ ನಿರ್ದೇಶಕನೊಬ್ಬನ ಕೇಸಿನಲ್ಲಿ 2011ರಲ್ಲಿ ಸುಪ್ರೀಂ ಕೋರ್ಟು, ಅನುಮಾನಕ್ಕೆಡೆಯಿಲ್ಲದ ಇಂಥ ದಾಖಲೆಯನ್ನು ಹೈಕೋರ್ಟು ನೋಡಬಹುದು ಎಂದು ಒಪ್ಪಿ ಕೇಸು ರದ್ದು ಮಾಡಿತು. ಸೆಷನ್ಸಿನಲ್ಲಿ ಸೋತವನು 482 ಹಿಡಿದು ಹೈಕೋರ್ಟಿಗೆ ಹೋಗಬಹುದೇ? ಹೋಗಬಹುದು, 1997ರ ಕೃಷ್ಣನ್ ಪ್ರಕರಣ ಆ ದಾರಿ ಬಿಟ್ಟಿದೆ, ಆದರೆ ಎರಡನೇ ರಿವಿಷನ್‌ಗೆ ವೇಷ ಹಾಕಿ ತಂದಿದ್ದಾರೆ ಎಂದು ನ್ಯಾಯಮೂರ್ತಿಗಳಿಗೆ ಅನಿಸಿದರೆ ಅಲ್ಲಿಗೇ ಮುಗಿಯಿತು. ಬೆಂಗಳೂರಿನಲ್ಲಿ 'ಕ್ವಾಷ್ ಹಾಕಿಬಿಡೋಣ', ಅಂದರೆ ಕೇಸು ರದ್ದು ಮಾಡಿಸಲು ಹೈಕೋರ್ಟಿಗೆ ಹೋಗೋಣ, ಎಂಬುದು ವಕೀಲರಿಗೂ ಕಕ್ಷಿದಾರರಿಗೂ ಒಂದು ಅಭ್ಯಾಸವೇ ಆಗಿಬಿಟ್ಟಿದೆ. ಜಿಲ್ಲಾ ಕೇಂದ್ರಗಳಲ್ಲಿ ಸೆಷನ್ಸ್ ರಿವಿಷನ್ನಿಗೆ ಸಿಗಬೇಕಾದಷ್ಟು ಗೌರವ ಸಿಕ್ಕಿಲ್ಲ ಎಂದೇ ನನ್ನ ಭಾವನೆ.

ಮ್ಯಾಜಿಸ್ಟ್ರೇಟರ ಬಾಗಿಲು ಮತ್ತೆ ತೆರೆದೀತೇ ಎಂಬ ಆಸೆ 2021ರಲ್ಲಿ ಚಿಗುರಿ ಬಾಡಿತು. ಚೆಕ್ ಬೌನ್ಸ್ ಕೇಸುಗಳ ರಾಶಿ ಕರಗಿಸುವ ದಾರಿ ಹುಡುಕುತ್ತ ಕೂತ ಐವರ ಸಂವಿಧಾನ ಪೀಠ ಏಪ್ರಿಲ್ 16ರಂದು, ಅದಾಲತ್ ಪ್ರಸಾದ್ ಸರಿಯಾಗಿಯೇ ಇದೆ, ಸಮನ್ಸ್ ಹಿಂತೆಗೆದುಕೊಳ್ಳುವ ಅಧಿಕಾರ ವಿಚಾರಣಾ ಕೋರ್ಟಿಗಿಲ್ಲ ಎಂದು ಮುದ್ರೆ ಒತ್ತಿತು.

ಕೋರ್ಟು ತೆರೆಯದ ಬಾಗಿಲನ್ನು ಸಂಸತ್ತು ಬೇರೊಂದು ಗೋಡೆಯಲ್ಲಿ ಕೊರೆಯಿತು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 482 ಈಗ 528, 397 ಈಗ 438, 204 ಈಗ 227. ಇವು ಬರೀ ನಂಬರಿನ ಬದಲಾವಣೆ. ನಿಜವಾದ ಬದಲಾವಣೆ ಹಳೆಯ 200ರ ಜಾಗಕ್ಕೆ ಬಂದ 223ನೇ ಕಲಮಿನ ಒಂದು ಪರಂತುಕದಲ್ಲಿದೆ: ಆರೋಪಿಗೆ ಹೇಳಿಕೊಳ್ಳುವ ಅವಕಾಶ ಕೊಡದೆ ಮ್ಯಾಜಿಸ್ಟ್ರೇಟರು ಅಪರಾಧದ ಸಂಜ್ಞಾನ (ಕಾಗ್ನಿಜೆನ್ಸ್) ತೆಗೆದುಕೊಳ್ಳುವಂತಿಲ್ಲ. ನಾಗವ್ವ ಪ್ರಕರಣದಿಂದ ಅದಾಲತ್ ಪ್ರಸಾದ್‌ವರೆಗೆ ಆರೋಪಿಗೆ ಆ ಹಂತದಲ್ಲಿ ಬಾಯಿಯೇ ಇಲ್ಲ ಎಂಬ ತಳಹದಿಯ ಮೇಲೆ ಕಟ್ಟಿದ್ದೆಲ್ಲ ಖಾಸಗಿ ದೂರುಗಳ ಮಟ್ಟಿಗೆ ಅಲುಗಿತು. ಸಮನ್ಸ್ ಬಂದ ಮೇಲೆ ಹೇಳಲಾಗದ್ದನ್ನು ಸಮನ್ಸಿಗೆ ಮೊದಲೇ, ಅದೇ ಮ್ಯಾಜಿಸ್ಟ್ರೇಟರೆದುರು ಹೇಳಬಹುದು.

ಆ ಪರಂತುಕವನ್ನು ಬಿಡಿಸಿ ಹೇಳಿದ ಆರಂಭದ ತೀರ್ಪುಗಳಲ್ಲೊಂದು ಬಂದದ್ದು ಕರ್ನಾಟಕ ಹೈಕೋರ್ಟಿನಿಂದ. ಮತ್ತೆ ಮಾನಹಾನಿಯೇ: ಸಚಿವ ಶಿವಾನಂದ ಪಾಟೀಲರ ದೂರು, ಆರೋಪಿ ಶಾಸಕ ಬಸನಗೌಡ ಪಾಟೀಲ ಯತ್ನಾಳ. ಬೆಂಗಳೂರಿನ ಕೋರ್ಟು ದೂರು ಬಂದ ಕೂಡಲೇ ಆರೋಪಿಗೆ ನೋಟಿಸು ಕೊಟ್ಟಿತ್ತು. ಯತ್ನಾಳ ಕ್ರಿಮಿನಲ್ ಪಿಟಿಷನ್ ಹಿಡಿದು ನೇರ ಹೈಕೋರ್ಟಿಗೆ ಹೋದರು. 2024ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಹಂತಗಳನ್ನು ಕ್ರಮವಾಗಿ ಜೋಡಿಸಿದರು. ಮೊದಲು ದೂರುದಾರನ, ಸಾಕ್ಷಿಗಳಿದ್ದರೆ ಅವರ ಪ್ರಮಾಣ ಹೇಳಿಕೆ. ಆಮೇಲೆ ದೂರು, ಹೇಳಿಕೆಗಳ ಸಮೇತ ಆರೋಪಿಗೆ ನೋಟಿಸು. ಅವನ ಮಾತು ಕೇಳಿದ ನಂತರವಷ್ಟೇ ಸಂಜ್ಞಾನ. ಹೇಳಿಕೆಯೇ ಇಲ್ಲದೆ ಹೋದ ನೋಟಿಸು ರದ್ದಾಗಿ, ಕಡತ ಮ್ಯಾಜಿಸ್ಟ್ರೇಟರಿಗೆ ಮರಳಿತು. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಇದೇ ಪರಂತುಕವನ್ನು ಜಾರಿ ನಿರ್ದೇಶನಾಲಯದ ಅಕ್ರಮ ಹಣ ವರ್ಗಾವಣೆ ದೂರಿಗೂ ಅನ್ವಯಿಸಿ, ಆರೋಪಿಯ ಮಾತು ಕೇಳದೆ ತೆಗೆದುಕೊಂಡ ಸಂಜ್ಞಾನವನ್ನು ಅಳಿಸಿತು. ಪೀಠದಲ್ಲಿದ್ದವರಲ್ಲೊಬ್ಬರು ಹಿಂದೆ ಕರ್ನಾಟಕದ ಮುಖ್ಯ ನ್ಯಾಯಮೂರ್ತಿಯಾಗಿದ್ದ ಅಭಯ್ ಓಕಾ.

ಹಾಗೆಂದು ಅದಾಲತ್ ಪ್ರಸಾದ್ ತೀರ್ಪು ಸತ್ತಿಲ್ಲ. 2024ರ ಜುಲೈಗೂ ಮೊದಲು ದಾಖಲಾಗಿ ನಡೆಯುತ್ತಿರುವ ದೂರುಗಳು ಹಳೆಯ ಸಂಹಿತೆಯಲ್ಲೇ ಮುಂದುವರಿಯುತ್ತವೆ. ಹೊಸ ದೂರಿನಲ್ಲೂ, ಆರೋಪಿಯ ಮಾತು ಕೇಳಿಯೇ ಮ್ಯಾಜಿಸ್ಟ್ರೇಟರು ಸಮನ್ಸ್ ಕೊಟ್ಟರೆ, ಅದನ್ನು ಹಿಂತೆಗೆದುಕೊಳ್ಳುವ ಅಧಿಕಾರ ಅವರಿಗೆ ಬಂದಿಲ್ಲ. ಅಲ್ಲಿಂದಾಚೆ ಮತ್ತೆ 438ರ ರಿವಿಷನ್, ಇಲ್ಲವೇ 528. ಇನ್ನು ಸಂಜ್ಞಾನಕ್ಕೂ ಮೊದಲಿನ ಆ ನೋಟಿಸು, ಉಂಟವಾಲಿಯಾ ಹೇಳಿದ ನಡುವಿನ ಜಾತಿಗೆ ಸೇರುತ್ತದೆಯೇ, ಅದರ ಮೇಲೆ ಸೆಷನ್ಸಿನಲ್ಲಿ ರಿವಿಷನ್ ನಿಲ್ಲುತ್ತದೆಯೇ? ಯತ್ನಾಳ ಅವರಂತೆ ನೇರ ಹೈಕೋರ್ಟಿಗೆ ಹೋಗದೆ, ಯಾರಾದರೂ ಜಿಲ್ಲಾ ಕೋರ್ಟಿನಲ್ಲಿ ರಿವಿಷನ್ ಹಾಕಿ 'ಇದಲ್ಲ, ಆ ಕಡೆ ಹೋಗಿ' ಎನ್ನಿಸಿಕೊಂಡು ಮೇಲೆ ಹೋಗಿ ಕೇಳಬೇಕು.